ಹಿಮ, ಸರ್ಕಸ್ಸು, ಹಳೇ ಬಸ್ಸು: ಆರ್ನೆ ಸ್ಕೌವೆನ್ ಸಿನಿಮಾಗಳು

ಪ್ರಶ್ನೆ: ಎರಡನೇ ಮಹಾಯುದ್ಧದ ಬಗ್ಗೆ ಇರುವ 'ದ ಟ್ವೆಲ್ಫ್ತ್ ಮ್ಯಾನ್' ಎಂಬ ನಾರ್ವೆ ಚಿತ್ರವನ್ನು ಈಚೆಗೆ ನೋಡಿದೆ. ಇದೇ ಕಥೆಯನ್ನು 1957ರಲ್ಲೇ ಆರ್ನೆ ಸ್ಕೌವೆನ್ ಎಂಬವರು ಚಿತ್ರ ಮಾಡಿದ್ದರು ಎಂದು ಸ್ನೇಹಿತರು ಹೇಳಿದರು. ಅವರ ಚಿತ್ರಗಳ ಪಟ್ಟಿ ನೋಡಿ ತಲೆ ಗಿರ್ ಅಂದಿತು. ಯುದ್ಧ, ಸರ್ಕಸ್ಸು, ಬೀದಿ ಹುಡುಗರು, ಪಾದ್ರಿಗಳು, ಕಾಮಿಡಿ, ಇತಿಹಾಸ, ಎಲ್ಲವೂ ಇದೆ. ಹೀಗೆ ಎಲ್ಲದಕ್ಕೂ ಕೈ ಹಾಕಿದವರಿಗೆ ತಮ್ಮದೇ ಅಂತ ಒಂದು ಶೈಲಿ ಇರುತ್ತದೆಯೇ? ಅವರನ್ನು ದೊಡ್ಡ ನಿರ್ದೇಶಕ ಎನ್ನಬಹುದೇ? ಎಲ್ಲಿಂದ ನೋಡಲು ಶುರು ಮಾಡಲಿ?
— ಒಬ್ಬ ಓದುಗ, ದಾವಣಗೆರೆ

ಉತ್ತರ: ನಿಮ್ಮ ಪ್ರಶ್ನೆಯ ಹಿಂದೆ ಒಂದು ಸಣ್ಣ ಅನುಮಾನ ಇದೆ, ಅಲ್ವಾ? ಎಲ್ಲ ಥರದ ಚಿತ್ರ ಮಾಡುವವನು ಕಸುಬುದಾರ ಇರಬಹುದು, ಕಲಾವಿದ ಅಲ್ಲ ಅನ್ನುವ ಅನುಮಾನ. ಫಿಲ್ಮ್ ಸೊಸೈಟಿಗಳಲ್ಲಿ ಬೆಳೆದ ನಮ್ಮಂಥವರಿಗೆಲ್ಲ ಇದು ಇತ್ತು. ಒಂದೇ ಹಟ ಹಿಡಿದು ಒಂದೇ ಬಗೆಯ ಚಿತ್ರ ಮಾಡಿದವರನ್ನು ತಲೆ ಮೇಲೆ ಹೊತ್ತುಕೊಂಡೆವು. ಬೇರೆ ಬೇರೆ ಮಾಡಿದವರನ್ನು 'ಪರವಾಗಿಲ್ಲ' ಎಂದು ಪಕ್ಕಕ್ಕಿಟ್ಟೆವು. ಸ್ಕೌವೆನ್ ವಿಷಯದಲ್ಲಿ ನಾನೂ ಅದೇ ತಪ್ಪು ಮಾಡಿದ್ದೆ. ಮೊದಲು ನೋಡಿದ್ದು ನಿಮ್ಮ ಸ್ನೇಹಿತರು ಹೇಳಿದ ಆ 1957ರ ಚಿತ್ರ, 'ನೀ ಲೀವ್', ಒಂದೇ. ಉಳಿದವನ್ನು ಸುಮ್ನೆ ಪಟ್ಟಿಯಲ್ಲಿ ಓದಿ ಮುಗಿಸಿದ್ದೆ.

ಮೊದಲು ಆ ಮನುಷ್ಯ ಯಾರು ಎಂದು ಹೇಳಿಬಿಡುತ್ತೇನೆ. ಸ್ಕೌವೆನ್ ಹುಟ್ಟಿದ್ದು 1913ರಲ್ಲಿ, ಇಂದಿನ ಓಸ್ಲೋದಲ್ಲಿ. ಆಗ ಆ ಊರಿನ ಹೆಸರು ಕ್ರಿಸ್ತಿಯಾನಿಯಾ. ತೀರಿಕೊಂಡಿದ್ದು 2003ರಲ್ಲಿ. ಸಿನಿಮಾಗೆ ಬರುವ ಮೊದಲು ಅವರು ಪತ್ರಕರ್ತ, ಅದರಲ್ಲೂ ಕ್ರೀಡಾ ವರದಿಗಾರ. ಜೊತೆಗೆ ಕಾದಂಬರಿ ಬರೆಯುತ್ತಿದ್ದರು. 1940ರಿಂದ 1945ರವರೆಗೆ ನಾರ್ವೆ ಜರ್ಮನ್ನರ ಕೈಯಲ್ಲಿತ್ತು. ಆಗ ಗುಟ್ಟಾಗಿ ಪತ್ರಿಕೆ ಹೊರಡಿಸುತ್ತಿದ್ದವರ ಜೊತೆ ಸ್ಕೌವೆನ್ ಇದ್ದರು. ಆಮೇಲೆ ಗಡಿ ದಾಟಿ ಸ್ವೀಡನ್ನಿಗೆ ಹೋದರು. ಈ ಗಡಿ ದಾಟುವ ವಿಷಯ ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಅವರು ಮಾಡಿದ್ದು ಒಟ್ಟು 17 ಚಿತ್ರ. ಮೊದಲನೆಯದು 1949ರಲ್ಲಿ, ಕೊನೆಯದು 1969ರಲ್ಲಿ. ಇಪ್ಪತ್ತು ವರ್ಷದಲ್ಲಿ ಹದಿನೇಳು ಎಂದರೆ ನಮ್ಮ ಕಡೆಯವರಿಗೆ ಏನೂ ಅನ್ನಿಸುವುದಿಲ್ಲ. ಆದರೆ 1950ರಲ್ಲಿ ನಾರ್ವೆಯ ಜನಸಂಖ್ಯೆ ಸುಮಾರು 33 ಲಕ್ಷ. ಅಷ್ಟೇ ಜನ, ಅಷ್ಟೇ ಪ್ರೇಕ್ಷಕರು, ಆ ಭಾಷೆಗೆ ಹೊರಗೆ ದೊಡ್ಡ ಮಾರುಕಟ್ಟೆ ಇಲ್ಲ. ಅಲ್ಲಿನ ಚಿತ್ರಮಂದಿರಗಳ ವ್ಯವಸ್ಥೆಯೂ ವಿಚಿತ್ರ. 1913ರ ಕಾನೂನಿನ ಪ್ರಕಾರ ಚಿತ್ರ ತೋರಿಸಲು ಸ್ಥಳೀಯ ಪುರಸಭೆಯ ಪರವಾನಗಿ ಬೇಕಿತ್ತು. ಪುರಸಭೆಗಳು 'ಬೇರೆಯವರಿಗೆ ಯಾಕೆ ಕೊಡಬೇಕು, ನಾವೇ ನಡೆಸೋಣ' ಎಂದು ಥಿಯೇಟರುಗಳನ್ನು ತಾವೇ ಇಟ್ಟುಕೊಂಡವು. ಲಾಭ ಊರಿನ ಖಜಾನೆಗೆ ಹೋಯಿತು, ಚಿತ್ರ ತಯಾರಿಸುವವರ ಕೈಗೆ ದುಡ್ಡು ಬರಲಿಲ್ಲ. ಕೊನೆಗೆ ಆ ಪುರಸಭೆಗಳ ಥಿಯೇಟರುಗಳೇ ಸೇರಿ 1932ರಲ್ಲಿ 'ನೋರ್ಸ್ಕ್ ಫಿಲ್ಮ್' ಎಂಬ ತಯಾರಿಕಾ ಸಂಸ್ಥೆ ಶುರು ಮಾಡಿದವು. ಯುದ್ಧ ಮುಗಿದು ಕೆಲವು ವರ್ಷ ಕಳೆದ ಮೇಲೆ ಸರ್ಕಾರದ ಸಹಾಯಧನವೂ ಬಂತು, ನಮ್ಮಲ್ಲಿ ಸಬ್ಸಿಡಿ ಎನ್ನುತ್ತೇವಲ್ಲ, ಅಂಥದ್ದು.

ಇದನ್ನೆಲ್ಲ ಯಾಕೆ ಹೇಳಿದೆ ಎಂದರೆ, ಇಂಥ ಕಡೆ ಒಬ್ಬ ನಿರ್ದೇಶಕ 'ನಾನು ಯುದ್ಧದ ಚಿತ್ರ ಮಾತ್ರ ಮಾಡುತ್ತೇನೆ' ಎಂದು ಕೂತರೆ ಹೊಟ್ಟೆಗೆ ಹಿಟ್ಟಿಲ್ಲ. ಊರಿಗೆ ಒಂದೇ ಕಿರಾಣಿ ಅಂಗಡಿ ಇದ್ದರೆ ಅಲ್ಲಿ ಉಪ್ಪೂ ಸಿಗಬೇಕು, ಸೀಮೆಎಣ್ಣೆಯೂ ಸಿಗಬೇಕು. ಸ್ಕೌವೆನ್ ಬಗೆಬಗೆಯ ಚಿತ್ರ ಮಾಡಿದ್ದಕ್ಕೆ ಒಂದು ಕಾರಣ ಇಷ್ಟು ಸರಳ. ಇನ್ನೊಂದು ಕಾರಣ ಅವರ ಕಸುಬಿನಲ್ಲಿದೆ. ವರದಿಗಾರನಿಗೆ ಇವತ್ತು ಒಂದು ಸುದ್ದಿ, ನಾಳೆ ಮತ್ತೊಂದು. ಪ್ರತಿ ಸುದ್ದಿಗೂ ಅದರದೇ ಧಾಟಿ ಹುಡುಕಬೇಕು. ಹೆಚ್ಚಿನ ಚಿತ್ರಗಳ ಕಥೆ, ಚಿತ್ರಕಥೆ ಅವರದೇ ಆಗಿದ್ದರಿಂದ ಈ ಅಭ್ಯಾಸ ಸಿನಿಮಾಗೂ ಬಂತು.

ಮೊದಲ ಚಿತ್ರ 'ಗಾತೆಗುತ್ತೆರ್', ಅಂದರೆ ಬೀದಿ ಹುಡುಗರು. ಅವರದೇ ಕಾದಂಬರಿಯಿಂದ ಮಾಡಿದ್ದು. ಸಿನಿಮಾದ ಒಳಗುಟ್ಟು ಗೊತ್ತಿಲ್ಲದ ಕಾದಂಬರಿಕಾರ, ಹಾಗಾಗಿ ಉಲ್ಫ್ ಗ್ರೆಬೆರ್ ಎಂಬವರ ಜೊತೆ ಸೇರಿ ನಿರ್ದೇಶಿಸಿದರು. 1920ರ ದಶಕದ ಓಸ್ಲೋ, ಕೂಲಿಕಾರರು ಇರುವ ಪೂರ್ವ ಭಾಗ, ಲಾರಿಗಳಿಂದ ಮಾಲು ಎಗರಿಸುವ ಹುಡುಗರ ಗುಂಪು. ಯುದ್ಧ ಮುಗಿದಾಗ ಇಟಲಿಯವರು ಕ್ಯಾಮೆರಾವನ್ನು ಬೀದಿಗೆ ತಂದಿದ್ದರಲ್ಲ, ಅದರ ಗಾಳಿ ಇಲ್ಲಿಗೂ ಬೀಸಿತ್ತು. ಹುಡುಗರನ್ನು ಅಯ್ಯೋ ಪಾಪ ಎಂದು ತೋರಿಸದೆ, ಅವರ ಚುರುಕುತನವನ್ನೂ ತೋರಿಸುವುದು ನನಗೆ ಇಷ್ಟವಾಯಿತು. ಮೊದಲ ಚಿತ್ರ ಎಂಬುದು ಅಲ್ಲಲ್ಲಿ ಗೊತ್ತಾಗುತ್ತದೆ, ಪರವಾಗಿಲ್ಲ.

1952ರ 'ನೋದ್‌ಲಾಂಡಿಂಗ್' ಯುದ್ಧದ ಕಥೆ. ಶತ್ರುಗಳ ಕೈಯಲ್ಲಿರುವ ನಾರ್ವೆಯಲ್ಲಿ ಮಿತ್ರಪಡೆಯ ವಿಮಾನ ಇಳಿದುಬಿಡುತ್ತದೆ, ಅದರಲ್ಲಿದ್ದವರನ್ನು ಊರವರು ಬಚ್ಚಿಡಬೇಕು. 1954ರಲ್ಲಿ 'ಸಿರ್ಕುಸ್ ಫಂದಾಂಗೊ', ಸರ್ಕಸ್ಸಿನವರ ಪ್ರೀತಿ, ಹೊಟ್ಟೆಕಿಚ್ಚು. ಇದು ಕಾನ್ ಚಿತ್ರೋತ್ಸವದ ಸ್ಪರ್ಧೆಗೆ ಹೋಯಿತು. ಮರುವರ್ಷ 'ದೆ ಬ್ರೆನ್ನೆರ್ ಇ ನಾತ್', 'ಇವತ್ತು ರಾತ್ರಿ ಬೆಂಕಿ' ಎನ್ನೋಣ. ಪತ್ರಿಕೆಯಲ್ಲಿ ಕೆಲಸ ಮಾಡುವ ಒಬ್ಬನಿಗೆ ಬೆಂಕಿ ಹಚ್ಚುವ ಗೀಳು. ಆ ಪಾತ್ರಕ್ಕೆ ಸ್ಕೌವೆನ್ ಆರಿಸಿದ್ದು ಕ್ಲಾಸ್ ಗಿಲ್ ಎಂಬ ಕವಿಯನ್ನು. ಈ ಗಿಲ್ ಎರಡೇ ಎರಡು ತೆಳು ಕವನ ಸಂಕಲನ ತಂದು ನಾರ್ವೆಯ ಹೊಸ ಕಾವ್ಯದಲ್ಲಿ ಹೆಸರಾದವರು, ಆಮೇಲೆ ನಟನೆಗೆ ಬಂದವರು. ಮುಖದಲ್ಲಿ ಒಂದು ಥರ ಸುಟ್ಟ ಕಳೆ ಇತ್ತು. ಅದು ಅಭಿನಯವೋ, ಅವರ ಸ್ವಭಾವವೋ ಎಂದು ಹೇಳುವುದು ಕಷ್ಟ. ಸ್ಕೌವೆನ್ ಅವರನ್ನು ಮತ್ತೆ ಮತ್ತೆ ಕರೆಸಿಕೊಂಡರು.

ಈಗ 'ನೀ ಲೀವ್'ಗೆ ಬರೋಣ. ಅಂದಹಾಗೆ ಆ 'ನೀ' ನಮ್ಮ 'ನೀ' ಅಲ್ಲ, ನಾರ್ವೆ ಭಾಷೆಯಲ್ಲಿ ಒಂಬತ್ತು. ಒಂಬತ್ತು ಜೀವ.

ಕಥೆ ನಿಮಗೆ ಗೊತ್ತಿದೆ. ಆದರೂ ನಿಜವಾಗಿ ನಡೆದದ್ದನ್ನು ಒಮ್ಮೆ ಹೇಳುತ್ತೇನೆ, ಹೊಸ ಚಿತ್ರದ ಗದ್ದಲದಲ್ಲಿ ಕೆಲವು ಸಂಗತಿ ಮರೆಯಾಗುತ್ತವೆ. 1943ರ ಮಾರ್ಚ್ ಕೊನೆ. ಬ್ರಿಟನ್ನಿನ ಶೆಟ್ಲಂಡ್ ದ್ವೀಪಗಳಿಂದ 'ಬ್ರಾತ್‌ಹೋಲ್ಮ್' ಎಂಬ ಮೀನುಗಾರಿಕೆ ದೋಣಿಯಲ್ಲಿ 12 ಜನ ಉತ್ತರ ನಾರ್ವೆಗೆ ಬಂದರು. ದೋಣಿ ತುಂಬ ಸ್ಫೋಟಕ. ಜರ್ಮನ್ನರ ನೆಲೆಗಳನ್ನು ಹಾಳು ಮಾಡುವುದು ಉದ್ದೇಶ. ಅಲ್ಲಿ ಒಬ್ಬ ಅಂಗಡಿಯವನನ್ನು ಕಾಣಬೇಕಿತ್ತು. ಹೋಗಿ ನೋಡಿದರೆ ಆತ ತೀರಿಕೊಂಡಿದ್ದ. ಅಂಗಡಿಯ ಹೊಸ ಯಜಮಾನನ ಹೆಸರೂ ಅದೇ! ಇವರು ಗುಟ್ಟು ಬಾಯಿಬಿಟ್ಟರು, ಅವನಿಗೆ ಹೆದರಿಕೆಯಾಯಿತು, ಸುದ್ದಿ ಜರ್ಮನ್ನರಿಗೆ ಮುಟ್ಟಿತು. ಒಂದು ಹೆಸರಿನ ಗೊಂದಲಕ್ಕೆ 11 ಜೀವ ಹೋಯಿತು. ಉಳಿದವನು ಯಾನ್ ಬಾಲ್ಸ್ರುದ್ ಒಬ್ಬನೇ. ವಯಸ್ಸು 25.

ಕಾಲ್ಬೆರಳಿಗೆ ಗುಂಡು ತಗುಲಿತ್ತು, ಒಂದು ಕಾಲಿಗೆ ಬೂಟಿಲ್ಲ. ಹಿಮದಷ್ಟು ತಣ್ಣಗಿನ ನೀರಲ್ಲಿ ಈಜಿದ. ಹಿಮ ಕುಸಿದು ಅದರಡಿ ಸಿಕ್ಕಿಕೊಂಡ. ಬಿಳುಪು ನೋಡಿ ನೋಡಿ ಕಣ್ಣು ಕಾಣದಂತಾಯಿತು. ಕಾಲ್ಬೆರಳು ಕೊಳೆಯಲು ಶುರುವಾದಾಗ ಚಾಕು ತೆಗೆದು ತಾನೇ ಕತ್ತರಿಸಿಕೊಂಡ. ಮುಂದೆ ನಡೆಯಲೂ ಆಗಲಿಲ್ಲ. ಊರಿನ ಜನ ಅವನನ್ನು ಜಾರುಬಂಡಿಗೆ ಕಟ್ಟಿ ಬೆಟ್ಟ ಹತ್ತಿಸಿದರು, ಹಿಮದ ಗುಳಿಯಲ್ಲಿ ಮಲಗಿಸಿದರು, ಆಗಾಗ ಊಟ ತಂದುಕೊಟ್ಟರು. ಕೆಲವೊಮ್ಮೆ ದಿನಗಟ್ಟಲೆ ಬರಲಾಗುತ್ತಿರಲಿಲ್ಲ. ಕೊನೆಗೆ ಸಾಮಿ ಬುಡಕಟ್ಟಿನವರು ಹಿಮಸಾರಂಗ ಕಟ್ಟಿದ ಬಂಡಿಯಲ್ಲಿ ಅವನನ್ನು ಸ್ವೀಡನ್ನಿಗೆ ಮುಟ್ಟಿಸಿದರು. ಎರಡು ತಿಂಗಳ ಕಥೆ. ಡೇವಿಡ್ ಹೊವಾರ್ತ್ ಎಂಬ ಇಂಗ್ಲಿಷ್ ಲೇಖಕ 1955ರಲ್ಲಿ ಇದನ್ನು ಪುಸ್ತಕ ಮಾಡಿದರು, ಅದನ್ನೇ ಹಿಡಿದು ಸ್ಕೌವೆನ್ ಚಿತ್ರ ಮಾಡಿದರು.

ನೀವು ನೋಡಿದ 2017ರ ಚಿತ್ರ ಹರಾಲ್ಡ್ ಸ್ವಾರ್ಟ್ ಅವರದು. ಅದರಲ್ಲಿ ಅಟ್ಟಿಸಿಕೊಂಡು ಬರುವ ಜರ್ಮನ್ ಅಧಿಕಾರಿಗೆ ದೊಡ್ಡ ಪಾತ್ರ ಕೊಟ್ಟಿದ್ದಾರೆ. ಒಂದು ಕಡೆ ಓಡುವವನು, ಇನ್ನೊಂದು ಕಡೆ ಬೆನ್ನಟ್ಟುವವನು. ನೋಡಿಸಿಕೊಂಡು ಹೋಗುತ್ತದೆ, ಇಲ್ಲ ಎನ್ನಲಾರೆ. ಸ್ಕೌವೆನ್ ಆ ದಾರಿ ಹಿಡಿಯಲಿಲ್ಲ. ಅವರ ಚಿತ್ರದಲ್ಲಿ ಖಳನ ಮುಖಕ್ಕಿಂತ ಹಿಮಕ್ಕೆ ಜಾಗ ಜಾಸ್ತಿ. ಅದಕ್ಕಿಂತ ಜಾಸ್ತಿ ಜಾಗ ಊರವರಿಗೆ. ಗಮನಿಸಿ, ಚಿತ್ರದ ಮೊದಲ ಭಾಗದಲ್ಲಿ ನಾಯಕ ಓಡುತ್ತಾನೆ, ಈಜುತ್ತಾನೆ, ಜಾರುತ್ತಾನೆ. ಆಮೇಲೆ ಅವನು ಮಲಗಿದ್ದಾನೆ ಅಷ್ಟೇ. ನಾಯಕನೇ ಸಾಮಾನಿನ ಮೂಟೆಯಾಗಿಬಿಡುತ್ತಾನೆ! ಸಾಹಸ ಮಾಡುವವರು ಈಗ ರೈತರು, ಮೀನುಗಾರರು, ಹೆಂಗಸರು. ಅವನಾರೋ ಅವರಿಗೆ ಗೊತ್ತಿಲ್ಲ. ಸಿಕ್ಕಿಬಿದ್ದರೆ ಮನೆಮಂದಿಗೆಲ್ಲ ಸಾವು. ಆದರೂ ಹಗ್ಗ ಹಿಡಿದು ಎಳೆಯುತ್ತಾರೆ.

ಯಾಕ್ ಫ್ಯೆಲ್‌ಸ್ತಾದ್ ಬಾಲ್ಸ್ರುದ್ ಪಾತ್ರ ಮಾಡಿದ್ದಾರೆ. ಅಂಥ ಚೆಲುವ ಅಲ್ಲ, ವೀರಾವೇಶವೂ ಇಲ್ಲ. ಅದೇ ಒಳ್ಳೆಯದಾಯಿತು. ರಾಗ್ನಾರ್ ಸೋರೆನ್ಸೆನ್ ಅವರ ಕಪ್ಪುಬಿಳುಪು ಛಾಯಾಗ್ರಹಣದಲ್ಲಿ ಹಿಮ ಚೆಂದ ಕಾಣುವುದಿಲ್ಲ, ಖಾಲಿ ಹಾಳೆಯ ಹಾಗೆ ಕಾಣುತ್ತದೆ. ಆ ಹಾಳೆ ಮೇಲೆ ಮನುಷ್ಯ ಒಂದು ಚುಕ್ಕೆ.

ಚಿತ್ರ ಕಾನ್ ಸ್ಪರ್ಧೆಗೆ ಹೋಯಿತು. ಅದಕ್ಕೂ ಮೊದಲು ಆಸ್ಕರ್‌ನ ವಿದೇಶಿ ಭಾಷಾ ವಿಭಾಗದ ಕೊನೆಯ ಐದರಲ್ಲಿ ಸೇರಿತ್ತು. ಆ ಐದರಲ್ಲಿ ನಮ್ಮ ದೇಶದ್ದೂ ಒಂದಿತ್ತು, ಯಾವುದು ಹೇಳಿ? 'ಮದರ್ ಇಂಡಿಯಾ'. ಭಾರತಕ್ಕೂ ನಾರ್ವೆಗೂ ಆ ವಿಭಾಗದಲ್ಲಿ ಅದು ಮೊದಲ ಸಲ. ಎರಡೂ ಸೋತವು, ಗೆದ್ದದ್ದು ಇಟಲಿಯ ಫೆಲ್ಲಿನಿ ಅವರ 'ನೈಟ್ಸ್ ಆಫ್ ಕಬೀರಿಯಾ'. ನಾವು ಆ ಸೋಲನ್ನು ಇವತ್ತಿಗೂ ನೆನೆಸಿಕೊಳ್ಳುತ್ತೇವೆ, ಅದೇ ಸಾಲಿನಲ್ಲಿ ಕೂತಿದ್ದ ಸ್ಕೌವೆನ್ ಹೆಸರು ನಮ್ಮಲ್ಲಿ ಯಾರ ಬಾಯಲ್ಲೂ ಇಲ್ಲ. ನಾರ್ವೆಯ ಇನ್ನೊಂದು ಚಿತ್ರ ಆ ಪಟ್ಟಿಗೆ ಬರಲು ಮೂವತ್ತು ವರ್ಷ ಹಿಡಿಯಿತು. ಅದು ನಿಲ್ಸ್ ಗೌಪ್ ಅವರ 1987ರ ಚಿತ್ರ, ಸಾಮಿ ಭಾಷೆಯದು.

ಇಲ್ಲಿಗೆ ನಿಲ್ಲಿಸಿದರೆ ಸ್ಕೌವೆನ್ 'ಯುದ್ಧದ ಚಿತ್ರದ ನಿರ್ದೇಶಕ' ಆಗಿಬಿಡುತ್ತಾರೆ. ಆದರೆ 1959ರಲ್ಲಿ ಅವರು ಮಾಡಿದ್ದು 'ಹೆರ್ರೆನ್ ಓ ಹನ್ಸ್ ತ್ಯೇನೆರೆ', 'ದೇವರು ಮತ್ತು ಅವನ ಸೇವಕರು'. ಸ್ವೀಡನ್ನಿನಲ್ಲಿ ನಿಜವಾಗಿ ನಡೆದ ಹಗರಣ ಇದರ ಮೂಲ. 1950ರ ದಶಕದ ಆರಂಭದಲ್ಲಿ ದಿಕ್ ಹೆಲಾಂದೆರ್ ಎಂಬವರು ಬಿಷಪ್ ಆಗಿ ಆರಿಸಿ ಬಂದರು. ಎದುರಾಳಿಗಳ ಮೇಲೆ ಕೆಸರು ಎರಚುವ ಹೆಸರಿಲ್ಲದ ಪತ್ರಗಳು ಚುನಾವಣೆಯ ಮುಂಚೆ ಓಡಾಡಿದ್ದವು. ಅವನ್ನು ಬರೆದವರು ಇವರೇ ಎಂದು ಕೋರ್ಟು ತೀರ್ಪು ಕೊಟ್ಟಿತು, ಹುದ್ದೆ ಹೋಯಿತು. ಈ ಪ್ರಕರಣದಿಂದ ಆಕ್ಸೆಲ್ ಕೀಲಾಂದ್ ನಾಟಕ ಬರೆದರು, ಸ್ಕೌವೆನ್ ಅದನ್ನು ಚಿತ್ರ ಮಾಡಿದರು. ಬಿಷಪ್ ಪಾತ್ರದಲ್ಲಿ ಅದೇ ಕವಿ ಕ್ಲಾಸ್ ಗಿಲ್, ಹೆಂಡತಿಯಾಗಿ ವೆಂಕೆ ಫೋಸ್. ಬರ್ಲಿನ್ ಚಿತ್ರೋತ್ಸವದ ಸ್ಪರ್ಧೆಯಲ್ಲಿ ಇದಿತ್ತು.

ಹಿಮವಿಲ್ಲ, ಬಂದೂಕಿಲ್ಲ. ಕೋಣೆಗಳು, ಮೇಜು, ಮಾತು. ಮಾತಿನ ಚಿತ್ರ ಎಂದು ಮೂಗು ಮುರಿಯುವವರು ಇದ್ದಾರೆ. ನನ್ನ ಲೆಕ್ಕದಲ್ಲಿ ಇದು ಅವರ ಬಿಗಿಯಾದ ಚಿತ್ರಗಳಲ್ಲಿ ಒಂದು. ಹೊರಗೆ ಅಷ್ಟು ದೊಡ್ಡ ಬಯಲು ತೋರಿಸಿದವರು ಎರಡು ವರ್ಷದ ಮೇಲೆ ಮನೆಯೊಳಗೆ ಕೂತು ಅಷ್ಟೇ ಉಸಿರು ಕಟ್ಟಿಸುತ್ತಾರೆ.

ಇದಾಗಿ ಎರಡೇ ವರ್ಷಕ್ಕೆ 'ಬುಸ್ಸೆನ್' ಬಂತು. ಅಂದರೆ ಬಸ್ಸು. ಲೈಫ್ ಯುಸ್ತೆರ್ ಎಂಬ ಉದ್ದ ಕಾಲಿನ ಹಾಸ್ಯನಟ, ಒಂದು ಹಳೇ ಬಸ್ಸು. ಯುಸ್ತೆರ್ ಮೈಯೇ ಅರ್ಧ ಕಾಮಿಡಿ. ಬಿಷಪ್ ಚಿತ್ರ ಮಾಡಿದ ಕೈ ಇದೇನಾ ಎಂದು ಕೇಳಬೇಕು ಅನ್ನಿಸುತ್ತದೆ. ನಿಮಗೆ ಅಲ್ಲಿನ ನಗು ಪೂರ್ತಿ ದಕ್ಕಲಿಕ್ಕಿಲ್ಲ, ನನಗೂ ದಕ್ಕಿಲ್ಲ. ಹಾಸ್ಯ ಗಡಿ ದಾಟುವಾಗ ಅರ್ಧ ಸೋರಿಹೋಗುತ್ತದೆ. 1964ರಲ್ಲಿ ಇನ್ನೊಂದು ಕಾಮಿಡಿ ಮಾಡಿದರು. ಅದನ್ನು ಬಿಟ್ಟರೂ ನಷ್ಟವಿಲ್ಲ.

ಈಗ ನಿಮ್ಮ ಮುಖ್ಯ ಪ್ರಶ್ನೆ. ಇದರಲ್ಲೆಲ್ಲ ಅವರದೇ ಅಂತ ಏನಿದೆ?

1962ರ 'ಕಾಲ್ದೆ ಸ್ಪೋರ್' ನೋಡುವವರೆಗೆ ನನಗೂ ಹೊಳೆದಿರಲಿಲ್ಲ. ಹೆಸರಿನ ಅರ್ಥ 'ತಣ್ಣಗಾದ ಹೆಜ್ಜೆ'. ಯುದ್ಧ ಮುಗಿದು ವರ್ಷಗಳಾಗಿವೆ. ಒಬ್ಬ ಮನುಷ್ಯ ಬೆಟ್ಟಕ್ಕೆ ವಾಪಸ್ ಬರುತ್ತಾನೆ. ಯುದ್ಧದ ಕಾಲದಲ್ಲಿ ಅವನು ಜನರನ್ನು ಗಡಿ ದಾಟಿಸುತ್ತಿದ್ದ. ಒಂದು ಸಲ ಅವನನ್ನು ನಂಬಿ ಬಂದವರು ದಾಟಲಿಲ್ಲ, ಹಿಮದಲ್ಲೇ ಸತ್ತರು. ಯಾಕೆ ಹಾಗಾಯಿತು ಎಂಬುದನ್ನು ಚಿತ್ರ ನಿಧಾನಕ್ಕೆ ಬಿಚ್ಚುತ್ತದೆ, ನಾನು ಹೇಳುವುದಿಲ್ಲ. ತೋರಾಲ್ವ್ ಮೌರ್ಸ್ತಾದ್, ಹೆನ್ನಿ ಮೋವನ್ ಮುಖ್ಯ ಪಾತ್ರದಲ್ಲಿದ್ದಾರೆ.

'ನೀ ಲೀವ್' ಪಕ್ಕಕ್ಕೆ ಇದನ್ನಿಟ್ಟು ನೋಡಿ. ಅದೇ ಯುದ್ಧ, ಅದೇ ಹಿಮ, ಅದೇ ಸ್ವೀಡನ್ ಕಡೆಯ ದಾರಿ. ಅಲ್ಲಿ ಊರವರು ಗುರುತಿಲ್ಲದವನನ್ನು ಹೊತ್ತು ದಾಟಿಸುತ್ತಾರೆ. ಇಲ್ಲಿ ದಾಟಿಸಬೇಕಾದವನು ಕೈಬಿಡುತ್ತಾನೆ. ಮೊದಲನೆಯದನ್ನು ನೋಡಿ ಇಡೀ ದೇಶ ಹೆಮ್ಮೆಪಟ್ಟಿತ್ತು. ಐದು ವರ್ಷದ ಮೇಲೆ ಅದೇ ನಿರ್ದೇಶಕ ಬಂದು 'ಎಲ್ಲರೂ ಹಾಗೆ ಇರಲಿಲ್ಲ' ಎಂದು ಹೇಳಿದ ಹಾಗಾಯಿತು. ಸ್ವತಃ ಗಡಿ ದಾಟಿ ಹೋದ ಮನುಷ್ಯ ಅದನ್ನು ಹೇಳಿದ್ದು. ಯಾರೋ ಒಬ್ಬರು ಕೈಬಿಟ್ಟಿದ್ದರೆ ತನ್ನ ಗತಿ ಏನಾಗುತ್ತಿತ್ತು ಎಂಬುದು ಅವರ ತಲೆಯಲ್ಲಿ ಬಂದಿರಲೇಬೇಕು ಎಂದು ನನ್ನ ಊಹೆ.

ಈ ಎಳೆ ಹಿಡಿದು ವಾಪಸ್ ಹೋದರೆ ಉಳಿದ ಚಿತ್ರಗಳೂ ಬೇರೆ ಥರ ಕಾಣುತ್ತವೆ. ವಿಮಾನದಿಂದ ಇಳಿದವರನ್ನು ಬಚ್ಚಿಡುವವರು ಯಾರು? ಬಿಷಪ್ ಮೇಲೆ ಆರೋಪ ಬಂದಾಗ ಪಕ್ಕದಲ್ಲಿ ನಿಲ್ಲುವವರು ಯಾರು, ಜಾರಿಕೊಳ್ಳುವವರು ಯಾರು? ಬೀದಿ ಹುಡುಗರಿಗೆ ಯಾರಿದ್ದಾರೆ? ಸ್ಕೌವೆನ್ ಕ್ಯಾಮೆರಾ ಇಡುವ ಬಗೆಯಲ್ಲಿ, ಬೆಳಕು ಬಿಡುವ ಬಗೆಯಲ್ಲಿ ಗುರುತು ಹಿಡಿಯುವಂಥ ಮುದ್ರೆ ಇಲ್ಲ, ಒಪ್ಪುತ್ತೇನೆ. ಅವರ ಮುದ್ರೆ ಇರುವುದು ಅವರು ಕೇಳುವ ಪ್ರಶ್ನೆಯಲ್ಲಿ. ಒಬ್ಬ ಬಿದ್ದಾಗ ಯಾರು ಎತ್ತುತ್ತಾರೆ?

ಈ ಪ್ರಶ್ನೆ ಅವರಿಗೆ ಬರೀ ಕಥೆಯ ಸರಕಾಗಿರಲಿಲ್ಲ. ಅವರ ಮಗಳಿಗೆ ಆಟಿಸಂ ಇತ್ತು. ಬುದ್ಧಿ ಬೆಳವಣಿಗೆಯ ತೊಂದರೆ ಇರುವ ಮಕ್ಕಳನ್ನು ಊರಿನಿಂದ ದೂರದ ದೊಡ್ಡ ಸಂಸ್ಥೆಗಳಲ್ಲಿ ಇಡುವುದು ಅಲ್ಲಿನ ಆಗಿನ ಪದ್ಧತಿ. ಜಾಗ ಸಾಲದು, ಆರೈಕೆ ಸಾಲದು. 1960ರ ದಶಕದ ಮಧ್ಯದಲ್ಲಿ ಸ್ಕೌವೆನ್ ಇದರ ವಿರುದ್ಧ ಪತ್ರಿಕೆಯಲ್ಲಿ ಬರೆಯಲು ಶುರು ಮಾಡಿದರು. 'ಅಂಗವಿಕಲರಿಗೆ ನ್ಯಾಯ' ಎಂಬ ಹೆಸರಿನಲ್ಲಿ ಚಳವಳಿಯೇ ಎದ್ದಿತು. 'ಕರುಣೆ ತೋರಿಸಿ' ಎಂದು ಕೇಳಲಿಲ್ಲ, ಇದು ಹಕ್ಕು ಎಂದರು. ನಾರ್ವೆ ಆ ದೊಡ್ಡ ಸಂಸ್ಥೆಗಳನ್ನು ಮುಚ್ಚುವ, ಹೊಣೆಯನ್ನು ಸ್ಥಳೀಯ ಆಡಳಿತಕ್ಕೆ ಕೊಡುವ ಸುಧಾರಣೆ ತಂದದ್ದು 1991ರಲ್ಲಿ. ಒಬ್ಬರಿಂದ ಆದದ್ದಲ್ಲ ಅದು. ಆದರೆ ಅಲ್ಲಿನ ಹಿರಿಯರನ್ನು ಕೇಳಿದರೆ, ಸ್ಕೌವೆನ್ ಹೆಸರು ಸಿನಿಮಾಕ್ಕಿಂತ ಈ ಹೋರಾಟದಿಂದ ನೆನಪಿರುವವರೂ ಸಿಗುತ್ತಾರೆ.

ಕೊನೆಯ ಚಿತ್ರ 1969ರ 'ಆನ್-ಮಾಗ್ರಿತ್'. 17ನೇ ಶತಮಾನದ ರೋರೋಸ್ ತಾಮ್ರದ ಗಣಿ, ಅದಿರು ಸಾಗಿಸುವ ಬಡ ಹೆಣ್ಣು. ಯೋಹಾನ್ ಫಾಲ್ಕ್‌ಬೆರ್ಯೆತ್ ಅವರ ಕಾದಂಬರಿ ಮಾಲೆ ಇದಕ್ಕೆ ಆಧಾರ. ಆ ಲೇಖಕರು ಹುಡುಗನಾಗಿದ್ದಾಗ ಅದೇ ಗಣಿಯಲ್ಲಿ ದುಡಿದವರು. ನಾಯಕಿ ಲಿವ್ ಉಲ್ಮನ್, ಕ್ಯಾಮೆರಾ ಸ್ವೆನ್ ನಿಕ್ವಿಸ್ಟ್. ಹೌದು, ಸ್ವೀಡನ್ನಿನ ಬರ್ಗ್‌ಮನ್ ಅವರ ಜೊತೆ ಕೆಲಸ ಮಾಡಿ ಹೆಸರಾದ ಅದೇ ಇಬ್ಬರು. ಇಷ್ಟೆಲ್ಲ ಇದ್ದೂ ಚಿತ್ರ ನನಗೆ ಪೂರ್ತಿ ಹಿಡಿಸಲಿಲ್ಲ. ನಾಲ್ಕು ಸಂಪುಟದ ಕಥೆಯನ್ನು ಒಂದು ಚಿತ್ರಕ್ಕೆ ತುರುಕಿದಾಗ ಆಗುವ ಅವಸರ ಅಲ್ಲಿದೆ. ಲಿವ್ ಉಲ್ಮನ್ ಮುಖ ಮಾತ್ರ ಮರೆಯುವುದಿಲ್ಲ.

ಆಮೇಲೆ ಸ್ಕೌವೆನ್ ಚಿತ್ರ ಮಾಡಲಿಲ್ಲ. ಆಗ ಅವರಿಗೆ 56 ಕೂಡ ಆಗಿರಲಿಲ್ಲ ಎನ್ನಬಹುದು, ನಿರ್ದೇಶಕನಿಗೆ ಅದೇನು ವಯಸ್ಸು? ಇನ್ನೂ 34 ವರ್ಷ ಬದುಕಿದರು. ಅಂಕಣ ಬರೆದರು, ನಾಟಕ ಬರೆದರು, ಜಗಳ ಕಾಯ್ದರು.

ದೊಡ್ಡ ನಿರ್ದೇಶಕರೇ ಎಂದು ಕೇಳಿದ್ದಿರಿ. ಹದಿನೇಳರಲ್ಲಿ ಎಲ್ಲವೂ ಒಳ್ಳೆಯವಲ್ಲ. ಮೂರು ನಾಲ್ಕು ತುಂಬ ಒಳ್ಳೆಯವು, ಒಂದು ಅಪರೂಪದ್ದು. ಆ ಲೆಕ್ಕಕ್ಕೆ ನಾನು ಹೌದು ಎನ್ನುತ್ತೇನೆ.

ನೋಡುವ ಕ್ರಮ ಹೀಗಿರಲಿ. ಮೊದಲು 'ನೀ ಲೀವ್'. ಹೊಸ ಚಿತ್ರ ನೋಡಿ ಕಥೆ ಗೊತ್ತಿರುವುದರಿಂದ ಸಬ್‌ಟೈಟಲ್ ಮೇಲೆ ಕಣ್ಣು ಕಡಿಮೆ ಇಡಿ, ಹಗ್ಗ ಎಳೆಯುವವರ ಮುಖ ನೋಡಿ. ಅದಾದ ಮೇಲೆ ನಡುವೆ ಬೇರೆ ಯಾವುದನ್ನೂ ನೋಡದೆ 'ಕಾಲ್ದೆ ಸ್ಪೋರ್' ನೋಡಿ. ಬೇರೆ ದಿನ ಬಿಷಪ್ ಚಿತ್ರ. ಮನೆಯಲ್ಲಿ ಮಕ್ಕಳಿದ್ದರೆ 'ಬುಸ್ಸೆನ್' ಅವರ ಜೊತೆ ನೋಡಿ, ಮಾತು ಅರ್ಥವಾಗದಿದ್ದರೂ ಯುಸ್ತೆರ್ ಕಾಲು ನೋಡಿ ಅವರು ನಗುತ್ತಾರೆ. ಒಂದು ಎಚ್ಚರಿಕೆ: 'ನೀ ಲೀವ್' ಅನ್ನು ಊಟ ಮಾಡುತ್ತ ನೋಡಬೇಡಿ. ಕಾಲ್ಬೆರಳಿನ ದೃಶ್ಯ ಹಳೇ ಕಪ್ಪುಬಿಳುಪು ಚಿತ್ರ ತಾನೇ ಎಂದು ನಾನು ತಟ್ಟೆ ಹಿಡಿದು ಕೂತಿದ್ದೆ. ಅವತ್ತು ಅನ್ನ ಹಾಗೇ ಉಳಿಯಿತು.